ಮೂರು ಯುಗಗಳಲ್ಲಿ ಕಾಣಿಸಿಕೊಳ್ಳುವ ಮಯಾಸುರ ಒಬ್ಬನೇ? ಅವನಿಂದ ನಮಗೆ ಉಳಿದದ್ದೇನು?

ಗಳಿಗೆಬಟ್ಟಲು (ಚರ್ಚೆ ಆರಂಭಿಸಿದವರು)

ಮಯಾಸುರ ಎಂದೊಡನೆ ಎಲ್ಲರಿಗೂ ನೆನಪಾಗುವುದು ಇಂದ್ರಪ್ರಸ್ಥದ ಸಭೆ ಮತ್ತು ಅಲ್ಲಿ ನೀರಿಗೆ ಬಿದ್ದ ದುರ್ಯೋಧನ. ಅವನ ಇನ್ನೊಂದು ಮುಖದ ಬಗ್ಗೆ ಮಾತೇ ಇಲ್ಲ. ಸೂರ್ಯಸಿದ್ಧಾಂತವೆಂಬ ಹಳೆಯ ಖಗೋಳಗ್ರಂಥದ ಮೊದಲ ಅಧ್ಯಾಯವನ್ನು ತೆರೆಯಿರಿ. ಕೃತಯುಗ ಮುಗಿಯಲು ಸ್ವಲ್ಪವೇ ಉಳಿದಿರುವಾಗ ಮಯನೆಂಬ ಮಹಾಸುರ ಗ್ರಹಗತಿಯ ಜ್ಞಾನ ಬೇಕೆಂದು ತಪಸ್ಸಿಗೆ ಕೂರುತ್ತಾನೆ. ಸೂರ್ಯ ಒಲಿಯುತ್ತಾನೆ. ಆದರೆ ತನ್ನ ತೇಜಸ್ಸನ್ನು ತಾಳುವವರಿಲ್ಲ, ಕುಳಿತು ಹೇಳಿಕೊಡಲು ತನಗೆ ಬಿಡುವೂ ಇಲ್ಲ ಎಂದು, ತನ್ನ ಅಂಶದಿಂದ ಬಂದ ಪುರುಷನೊಬ್ಬನಿಗೆ ಪಾಠ ಒಪ್ಪಿಸಿ ಹೋಗುತ್ತಾನೆ. ಆ ಪಾಠವೇ 14 ಅಧ್ಯಾಯಗಳ, ಸುಮಾರು 500 ಶ್ಲೋಕಗಳ ಗ್ರಂಥ.

ಪಂಚಾಂಗದ ಲೆಕ್ಕದಲ್ಲಿ ಕೃತಯುಗ ಕಳೆದು ಸುಮಾರು 21 ಲಕ್ಷ 65 ಸಾವಿರ ವರ್ಷ. ತ್ರೇತಾಯುಗದಲ್ಲಿ ಇದೇ ಹೆಸರಿನವನು ಮಂಡೋದರಿಯ ತಂದೆ, ಅಂದರೆ ರಾವಣನ ಮಾವ. ದ್ವಾಪರದ ಕೊನೆಯಲ್ಲಿ ಖಾಂಡವವನದ ಬೆಂಕಿಯಿಂದ ಅರ್ಜುನ ಉಳಿಸಿದವನೂ ಮಯನೇ. ಇವರೆಲ್ಲ ಒಬ್ಬರೇ? ಅಥವಾ ಮಯ ಎಂಬುದು ಒಂದು ಕುಲದ, ಪರಂಪರೆಯ ಹೆಸರೇ?

ನನ್ನದೊಂದು ಊಹೆಯಿದೆ. ಇವನು ಕಟ್ಟಿದ್ದಕ್ಕೆಲ್ಲ ಕಾಲದ ನಂಟಿದೆ. ಸೀತೆಯನ್ನು ಹುಡುಕುತ್ತ ಬಾಯಾರಿದ ವಾನರರು ನೆನೆದ ರೆಕ್ಕೆಯ ಹಕ್ಕಿಗಳನ್ನು ಕಂಡು ಒಂದು ಬಿಲವನ್ನು ಹೊಕ್ಕರಲ್ಲ, ಅದು ಮಯ ನಿರ್ಮಿಸಿದ್ದು. ಸುಗ್ರೀವ ಕೊಟ್ಟ ಒಂದು ತಿಂಗಳ ಗಡುವು ಅದರೊಳಗೇ ಕಳೆದುಹೋಯಿತು. ತ್ರಿಪುರಗಳನ್ನು ಕಟ್ಟಿದವನೂ ಅವನೇ. ಆ ಮೂರು ಊರುಗಳು ಒಂದಾಗುವುದು ಸಾವಿರ ವರ್ಷಕ್ಕೊಮ್ಮೆ. ಶಿವ ಬಾಣ ಬಿಡಬೇಕಾದದ್ದು ಆ ಒಂದೇ ಕ್ಷಣದಲ್ಲಿ. ಮಾಯೆ ಮತ್ತು ಕಾಲಗಣನೆ ಎರಡೂ ಒಬ್ಬನಲ್ಲೇ ಸೇರಿದ್ದು ಆಕಸ್ಮಿಕ ಎಂದು ನನಗೆ ಅನಿಸುವುದಿಲ್ಲ. ಬಲ್ಲವರು ಹೇಳಿ.

ಯಕ್ಷಪ್ರಿಯ

ಒಬ್ಬನೇ. ಪುರಾಣದಲ್ಲಿ ಚಿರಂಜೀವಿಗಳಿಗೇನು ಬರವೇ? ಜಾಂಬವಂತ ರಾಮನನ್ನೂ ಕಂಡ, ಕೃಷ್ಣನಿಗೆ ಮಗಳನ್ನೂ ಕೊಟ್ಟ. ಮಯನಿಗೆ ಮಾತ್ರ ಏಕೆ ಜನ್ಮಪತ್ರಿಕೆ ಕೇಳುತ್ತೀರಿ?

ಪ್ರಶ್ನಾರ್ಥಕ

ಕೇಳಲೇಬೇಕು ಯಕ್ಷಪ್ರಿಯರೇ. ಕಿಷ್ಕಿಂಧಾಕಾಂಡದಲ್ಲಿ ಸ್ವಯಂಪ್ರಭೆ ವಾನರರಿಗೆ ಹೇಳುವುದೇನು? ಹೇಮೆ ಎಂಬ ಅಪ್ಸರೆಯಲ್ಲಿ ಆಸಕ್ತನಾದ ಮಯನನ್ನು ಇಂದ್ರ ವಜ್ರಾಯುಧದಿಂದ ಹೊಡೆದ, ಆ ಮೇಲೆ ಬ್ರಹ್ಮ ಈ ಬಿಲವನ್ನು ಹೇಮೆಗೆ ಕೊಟ್ಟ ಎಂದು. ಉತ್ತರಕಾಂಡದಲ್ಲಿ ನೋಡಿದರೆ ಹೇಮೆ ದೇವಕಾರ್ಯಕ್ಕೆಂದು ಹೋಗಿ ಹದಿಮೂರು ವರ್ಷ ಕಳೆಯಿತು, ಹದಿನಾಲ್ಕನೆಯದು ನಡೆಯುತ್ತಿದೆ ಎಂದು ಮಯನೇ ರಾವಣನ ಮುಂದೆ ಹೇಳಿಕೊಂಡು, ಮಗಳನ್ನು ಕೈಹಿಡಿಸುತ್ತಾನೆ. ಒಂದೇ ಕಾವ್ಯದ ಎರಡು ಕಾಂಡಗಳಲ್ಲೇ ಇವನ ಬದುಕು ಹೊಂದಿಕೊಳ್ಳುವುದಿಲ್ಲ. ಬೇರೆ ಬೇರೆ ಕಡೆ ಹುಟ್ಟಿದ ಕಥೆಗಳು ಒಂದು ಹೆಸರಿನ ಸುತ್ತ ಕೂಡಿಕೊಂಡಿವೆ, ಅಷ್ಟೇ.

ಬಿಲದ ವಿಷಯ ಕೂಡ. ಕತ್ತಲೆಯಲ್ಲಿ ದಾರಿ ತಪ್ಪಿದವರಿಗೆ ದಿನಗಳ ಲೆಕ್ಕ ತಪ್ಪಿತು. ಅದರಲ್ಲಿ ಕಾಲದ ಮಾಯೆಯನ್ನು ಕಾಣಲು ಆಧಾರವಿಲ್ಲ.

ಶಾಲ್ಮಲಾ ತೀರ

ಆಧಾರವಿಲ್ಲ ಎಂದು ಅಷ್ಟು ಬೇಗ ತಳ್ಳಿಹಾಕಬೇಡಿ. ತಾವಾಗಿ ಹೊರಬರಲು ವಾನರರಿಗೆ ಆಗುವುದಿಲ್ಲ. ಕಣ್ಣು ಮುಚ್ಚಿಕೊಳ್ಳಿ ಎನ್ನುತ್ತಾಳೆ ಸ್ವಯಂಪ್ರಭೆ, ಕಣ್ಣು ತೆರೆದಾಗ ಎಲ್ಲರೂ ಹೊರಗಿರುತ್ತಾರೆ. ಹೊರಗೆ ಬಂದ ಮೇಲೇ ಗಡುವು ಮುಗಿದ ಭಯ ಅಂಗದನನ್ನು ಹಿಡಿಯುವುದು, ಪ್ರಾಯೋಪವೇಶಕ್ಕೆ, ಅಂದರೆ ಉಪವಾಸವಿದ್ದು ಪ್ರಾಣ ಬಿಡಲು, ಕೂರುವ ಮಾತು ಬರುವುದು. ಕವಿ ಆ ಬಿಲವನ್ನು ಸಾಮಾನ್ಯ ಗುಹೆಯಂತೆ ಬರೆದಿಲ್ಲ.

ಭಾಗವತದ ಐದನೆಯ ಸ್ಕಂಧವನ್ನೂ ನೋಡಿ. ಅಲ್ಲಿ ಮಯ ತಲಾತಲವೆಂಬ ಕೆಳಲೋಕದಲ್ಲಿ ಶಿವನ ರಕ್ಷಣೆಯಲ್ಲಿದ್ದಾನೆ. ಅವನನ್ನು ಕರೆದಿರುವುದು ‘ಮಾಯಾವಿಗಳ ಆಚಾರ್ಯ’ ಎಂದು. ಸುದರ್ಶನದ ಭಯ ಅವನಿಗಿಲ್ಲ ಎಂಬ ಮಾತೂ ಇದೆ. ಖಾಂಡವದಲ್ಲಿ ಅವನು ಅರ್ಜುನನ ಮೊರೆಹೊಕ್ಕದ್ದೇ ಕೃಷ್ಣ ಎತ್ತಿದ ಚಕ್ರಕ್ಕೆ ಹೆದರಿ. ಎರಡನ್ನೂ ಒಟ್ಟಿಗೆ ಇಟ್ಟು ಓದಿದರೆ ಈ ಪಾತ್ರ ಎಷ್ಟು ದೂರ ಸಾಗಿ ಬಂದಿದೆ ಎಂದು ತಿಳಿಯುತ್ತದೆ.

ಯಕ್ಷಪ್ರಿಯ

ಆಹಾ, ಇದು ಮಾತು! ನಮ್ಮ ಕಡೆ ಒಂದು ತಾಳಮದ್ದಳೆಯಲ್ಲಿ ಮಯನ ಅರ್ಥ ಹೇಳಿದವರು ಇದೇ ಎಳೆ ಹಿಡಿದಿದ್ದರು. ಅರ್ಜುನ ಪ್ರತ್ಯುಪಕಾರ ಬೇಡ ಎಂದಾಗ ಮಯ ಬಿಡುವುದಿಲ್ಲವಲ್ಲ. ‘ದಾನವರ ವಿಶ್ವಕರ್ಮ ನಾನು, ಪ್ರಾಣದ ಋಣ ಹೊತ್ತು ಹೇಗೆ ತಿರುಗಲಿ’ ಎಂದು ಆ ಅರ್ಥಧಾರಿ ಕೇಳಿದಾಗ ಚೌಕಿಯಲ್ಲಿದ್ದವರೂ ಎದ್ದು ಬಂದು ಕೇಳಿದರು. ಕೊನೆಗೆ ಕೃಷ್ಣ ಧರ್ಮರಾಯನಿಗೆ ಸಭೆ ಕಟ್ಟಿಕೊಡು ಎನ್ನುತ್ತಾನೆ. ಬಿಂದುಸರೋವರದಿಂದ ಸಾಮಗ್ರಿ ತಂದು ಹದಿನಾಲ್ಕು ತಿಂಗಳಲ್ಲಿ ಮುಗಿಸಿದ. ಭೀಮನ ಗದೆ, ಅರ್ಜುನನ ದೇವದತ್ತ ಶಂಖ ಕೂಡ ಅವನೇ ತಂದುಕೊಟ್ಟದ್ದು.

ಕರಾವಳಿ ಕನ್ನಡತಿ

ವೇಷ ಕಟ್ಟುವ ಚೌಕಿ ಇರುವುದು ಆಟಕ್ಕೆ, ವೇಷವೇ ಇಲ್ಲದ ತಾಳಮದ್ದಳೆಗೆ ಯಾವ ಚೌಕಿ ಯಕ್ಷಪ್ರಿಯರೇ?

ಯಕ್ಷಪ್ರಿಯ

ಅಂದು ತಾಳಮದ್ದಳೆ ಮುಗಿದ ಮೇಲೆ ಅದೇ ಅಂಗಳದಲ್ಲಿ ಆಟವಿತ್ತು ಅಕ್ಕ. ವೇಷ ಕಟ್ಟಿಕೊಳ್ಳುತ್ತಿದ್ದವರೇ ಎದ್ದು ಬಂದದ್ದು.

ನೆರಳುಗಡ್ಡಿ

ಕಥೆ ಚೆನ್ನಾಗಿದೆ, ಆದರೆ ಮೂಲ ಪ್ರಶ್ನೆಯ ಎರಡನೆಯ ಭಾಗಕ್ಕೆ ಬರೋಣ: ಉಳಿದದ್ದೇನು? ಮಯನ ಹೆಸರಿನಲ್ಲಿ ನಮಗೆ ಬಂದಿರುವುದು ಕಾಲವನ್ನು ಅಳೆಯುವ ಒಂದು ಪೂರ್ಣ ವ್ಯವಸ್ಥೆ. ಕಾಲ ಎರಡು ಬಗೆ ಎಂದು ಗ್ರಂಥ ಆರಂಭದಲ್ಲೇ ವಿಂಗಡಿಸುತ್ತದೆ. ಒಂದು ಲೋಕಗಳನ್ನೇ ಮುಗಿಸುವ ಕಾಲ, ಇನ್ನೊಂದು ಲೆಕ್ಕಕ್ಕೆ ಸಿಗುವ ಕಾಲ. ಲೆಕ್ಕದ ಕಾಲ ಆರಂಭವಾಗುವುದು ಪ್ರಾಣದಿಂದ, ಅಂದರೆ ಒಂದು ಉಸಿರಿನಿಂದ. ಆರು ಪ್ರಾಣಕ್ಕೆ ಒಂದು ವಿಗಳಿಗೆ, ಅರವತ್ತು ವಿಗಳಿಗೆಗೆ ಒಂದು ಗಳಿಗೆ, ಅರವತ್ತು ಗಳಿಗೆಗೆ ಒಂದು ಹಗಲಿರುಳು. ಇಂದಿನ ಲೆಕ್ಕದಲ್ಲಿ ಪ್ರಾಣ 4 ಸೆಕೆಂಡು, ಗಳಿಗೆ 24 ನಿಮಿಷ. ಅಲ್ಲಿಂದ ಮೇಲಕ್ಕೆ 43,20,000 ವರ್ಷಗಳ ಮಹಾಯುಗದವರೆಗೆ ಒಂದೇ ಏಣಿ. ಮಹಾಯುಗಕ್ಕೆ 1,57,79,17,828 ದಿನ ಎಂದು ಕೊಟ್ಟಿದೆ. ಭಾಗಿಸಿ ನೋಡಿ, ವರ್ಷಕ್ಕೆ 365 ದಿನ 6 ಗಂಟೆ 12 ನಿಮಿಷ 36 ಸೆಕೆಂಡು ಬರುತ್ತದೆ. ಇಂದು ಅಳೆದಿರುವ ನಾಕ್ಷತ್ರಿಕ ವರ್ಷ (ಸೂರ್ಯ ಅದೇ ನಕ್ಷತ್ರದ ಬಳಿಗೆ ಮರಳುವ ಅವಧಿ) 365 ದಿನ 6 ಗಂಟೆ 9 ನಿಮಿಷ 10 ಸೆಕೆಂಡು. ದೂರದರ್ಶಕವಿಲ್ಲದ ಕಾಲದಲ್ಲಿ ಇಷ್ಟು ಹತ್ತಿರ ಬಂದದ್ದಕ್ಕೆ ನಾನು ಕೈಮುಗಿಯುತ್ತೇನೆ.

ಪ್ರಶ್ನಾರ್ಥಕ

ಕೈಮುಗಿಯೋಣ, ಆದರೆ ಯಾರಿಗೆ? 21 ಲಕ್ಷ ವರ್ಷದ ಹಿಂದಿನ ಅಸುರನಿಗಲ್ಲ. ಕ್ರಿ.ಶ. 505ನ್ನು ಗಣನೆಯ ಆರಂಭವಾಗಿ ಇಟ್ಟುಕೊಂಡ ವರಾಹಮಿಹಿರ ಪಂಚಸಿದ್ಧಾಂತಿಕೆಯಲ್ಲಿ ಪೈತಾಮಹ, ವಾಸಿಷ್ಠ, ರೋಮಕ, ಪೌಲಿಶ, ಸೌರ ಎಂಬ ಐದನ್ನು ಸಂಗ್ರಹಿಸಿ, ಸೌರವೇ ಹೆಚ್ಚು ಸ್ಪಷ್ಟ ಎಂದ. ಅವನು ಕೊಡುವ ಸೌರದ ಅಂಕಿಗಳು ಈಗ ನಮ್ಮ ಕೈಯಲ್ಲಿರುವ ಸೂರ್ಯಸಿದ್ಧಾಂತದ ಅಂಕಿಗಳಲ್ಲ. ಅಂದರೆ ನಡುವೆ ಯಾರೋ ತಿದ್ದಿದ್ದಾರೆ. ಅಲ್‌ಬಿರೂನಿ ಹನ್ನೊಂದನೆಯ ಶತಮಾನದಲ್ಲಿ ಇದನ್ನು ಲಾಟ ಎಂಬುವನ ಕೃತಿ ಎಂದೇ ಬರೆದ. ಕೆಲವು ಹಸ್ತಪ್ರತಿಗಳಲ್ಲಿ ಸೂರ್ಯ ಮಯನಿಗೆ ‘ರೋಮಕನಗರಕ್ಕೆ ಹೋಗು, ಬ್ರಹ್ಮಶಾಪದಿಂದ ಮ್ಲೇಚ್ಛನಾಗಿ ಅಲ್ಲಿ ಹುಟ್ಟಿ ನಿನಗೆ ಕಲಿಸುತ್ತೇನೆ’ ಎನ್ನುವ ಶ್ಲೋಕವೇ ಇದೆ. ಪಶ್ಚಿಮದಿಂದ ಬಂದ ವಿದ್ಯೆಯ ನೆನಪು ಮಯನ ಕಥೆಯಾಗಿ ಉಳಿದಿದೆ ಎಂದು ಓದುವುದು ನನಗೆ ಸಹಜವಾಗಿ ಕಾಣುತ್ತದೆ.

ಪಂಚಾಂಗದ ಮನೆ

ಕೆಲವೇ ಪ್ರತಿಗಳಲ್ಲಿರುವ ಒಂದು ಶ್ಲೋಕವನ್ನು ಹಿಡಿದು ಇಡೀ ವಿದ್ಯೆಯನ್ನು ಹೊರಗಿನದು ಎನ್ನುವುದು ಅನ್ಯಾಯ. 19ನೆಯ ಶತಮಾನದಲ್ಲಿ ಆಲ್ಬ್ರೆಕ್ಟ್ ವೆಬರ್ ಎಂಬ ಜರ್ಮನ್ ವಿದ್ವಾಂಸರು ಅಶೋಕನ ಶಾಸನದಲ್ಲಿ ಟಾಲೆಮಿ ಎಂಬ ಗ್ರೀಕ್ ಹೆಸರಿಗೆ ಬಳಸಿದ ತುರಮಯ ಎಂಬ ರೂಪವನ್ನು ಹಿಡಿದು ಮಯನೆಂದರೆ ಗ್ರೀಕ್ ಖಗೋಳಜ್ಞ ಟಾಲೆಮಿ ಎಂದುಬಿಟ್ಟರು. ಅದು ಅಂದಿಗೂ ಊಹೆ, ಇಂದಿಗೂ ಊಹೆ.

ಪ್ರಶ್ನಾರ್ಥಕ

ವೆಬರ್ ಊಹೆಯನ್ನು ನಾನೂ ಒಪ್ಪುವುದಿಲ್ಲ. ಆದರೆ ಗ್ರೀಕ್ ಗಣಿತದ ಸಂಪರ್ಕ ಊಹೆಯಲ್ಲ. ಕೇಂದ್ರ, ಲಿಪ್ತಾ, ಹೋರಾ ಎಂಬ ಪದಗಳೆಲ್ಲವೂ ಗ್ರೀಕಿನಿಂದ ಬಂದವು. ಕಲಿತದ್ದನ್ನು ನಮ್ಮವರು ಬೆಳೆಸಿದರು. 3438ನ್ನು ತ್ರಿಜ್ಯೆಯಾಗಿಟ್ಟು 24 ಜ್ಯಾಗಳ, ಅಂದರೆ ಇಂದಿನ ಸೈನ್‌ಗಳ, ಕೋಷ್ಟಕ ಮಾಡಿದರು. ಎರಡನ್ನೂ ಒಪ್ಪಿಕೊಂಡರೆ ಯಾರ ಮರ್ಯಾದೆಗೂ ಕುಂದಿಲ್ಲ.

ಹೊಸಬ

ಮೆಕ್ಸಿಕೊದ ಮಾಯನ್ನರೇ ಮಯನ ವಂಶದವರು, ಅವರ ಕ್ಯಾಲೆಂಡರೂ ಇವನಿಂದಲೇ ಬಂದದ್ದು ಎಂದು ಒಂದು ವಿಡಿಯೋದಲ್ಲಿ ನೋಡಿದೆ. ನಿಜವೇ?

ನೆರಳುಗಡ್ಡಿ

ಇಲ್ಲ. ಅವರ ಪದ್ಧತಿಯಲ್ಲಿ 260 ದಿನಗಳದ್ದೊಂದು ಚಕ್ರ, 365 ದಿನಗಳದ್ದೊಂದು ಚಕ್ರ, ಎಣಿಕೆ ಇಪ್ಪತ್ತರ ಕ್ರಮದಲ್ಲಿ. ಇಲ್ಲಿ ತಿಥಿ, ನಕ್ಷತ್ರ, ಅಧಿಕಮಾಸ, ಅರವತ್ತರ ಎಣಿಕೆ. ಹೆಸರು ಹೋಲುವುದನ್ನು ಬಿಟ್ಟರೆ ಬೇರೇನೂ ಇಲ್ಲ.

ದೂರದೇಶಿ

ಪಂಚಾಂಗದ ಮಾತು ಬಂದದ್ದರಿಂದ ಕೇಳುತ್ತೇನೆ. ನ್ಯೂಜೆರ್ಸಿಯಲ್ಲಿರುವ ನಮ್ಮ ಕನ್ನಡ ಬಳಗದಲ್ಲಿ ಪ್ರತಿ ವರ್ಷ ಏಕಾದಶಿಗೋ ಹಬ್ಬಕ್ಕೋ ಜಗಳ. ಒಂದು ಪಂಚಾಂಗ ಇಂದು ಎನ್ನುತ್ತದೆ, ಇನ್ನೊಂದು ನಾಳೆ ಎನ್ನುತ್ತದೆ. ಸೂರ್ಯಸಿದ್ಧಾಂತದ್ದು, ದೃಗ್ಗಣಿತದ್ದು (ಆಕಾಶದಲ್ಲಿ ಕಾಣುವುದಕ್ಕೆ ಹೊಂದಿಸಿದ ಲೆಕ್ಕದ್ದು) ಎಂದು ವಾದ ನಡೆಯುತ್ತದೆ. ಮಯನೇ ಇಳಿದು ಬಂದರೆ ಯಾವುದನ್ನು ಒಪ್ಪುತ್ತಿದ್ದ?

ಪಂಚಾಂಗದ ಮನೆ

ನಮ್ಮ ಮನೆಯಲ್ಲಿ ತಲೆಮಾರುಗಳಿಂದ ಸೂರ್ಯಸಿದ್ಧಾಂತದ ಪಂಚಾಂಗವೇ. ಅದಕ್ಕೆ ಕಾರಣವಿದೆ. ಧರ್ಮಶಾಸ್ತ್ರದ ನಿರ್ಣಯಗಳೆಲ್ಲ ‘ಬಾಣವೃದ್ಧಿ, ರಸಕ್ಷಯ’ ಎಂಬ ಲೆಕ್ಕದ ಮೇಲೆ ನಿಂತಿವೆ. ಅಂದರೆ ಅರವತ್ತು ಗಳಿಗೆಯ ತಿಥಿ ಹೆಚ್ಚೆಂದರೆ ಐದು ಗಳಿಗೆ ಬೆಳೆಯಬಹುದು, ಆರು ಗಳಿಗೆ ಕುಗ್ಗಬಹುದು. ದೃಗ್ಗಣಿತ ಹಿಡಿದರೆ ಏಳು ಬೆಳೆದು ಹತ್ತು ಕುಗ್ಗುತ್ತದೆ. ಆಗ ಶ್ರಾದ್ಧದ, ಉಪವಾಸದ ನಿಯಮಗಳು ಹೊಂದುವುದಿಲ್ಲ. ವ್ರತಕ್ಕೆ ಫಲ ಕೊಡುವುದು ಶಾಸ್ತ್ರ ಹೇಳಿದ ತಿಥಿ, ದೂರದರ್ಶಕ ತೋರಿಸುವ ಚಂದ್ರನಲ್ಲ. ಸೂರ್ಯ ಮಯನಿಗೆ ಕೊಟ್ಟದ್ದನ್ನು ತಿದ್ದಲು ನಾವು ಯಾರು?

ನೆರಳುಗಡ್ಡಿ

ಈ ಮಾತನ್ನು ನಾನು ಬಲವಾಗಿ ವಿರೋಧಿಸುತ್ತೇನೆ, ಗ್ರಂಥದ ಮಾತಿನಿಂದಲೇ. ಮೊದಲ ಅಧ್ಯಾಯದ ಒಂಬತ್ತನೆಯ ಶ್ಲೋಕ ನೋಡಿ. ಹಿಂದೆ ಹೇಳಿದ ಶಾಸ್ತ್ರವೇ ಇದು, ಯುಗಗಳ ಪರಿವರ್ತನೆಯಿಂದ ಕಾಲಭೇದ ಮಾತ್ರ ಆಗಿದೆ ಎಂದು ಅಲ್ಲೇ ಇದೆ. ಎರಡನೆಯ ಅಧ್ಯಾಯದಲ್ಲಿ, ಗ್ರಹಗಳು ಕಣ್ಣಿಗೆ ಕಾಣುವುದಕ್ಕೆ ಸರಿಹೊಂದುವಂತೆ ಸ್ಫುಟಕ್ರಮವನ್ನು, ಅಂದರೆ ಅವುಗಳ ನಿಜವಾದ ಸ್ಥಾನ ಕಂಡುಹಿಡಿಯುವ ಲೆಕ್ಕವನ್ನು, ಹೇಳುತ್ತೇನೆ ಎಂಬ ಪ್ರತಿಜ್ಞೆ ಇದೆ. ‘ದೃಕ್ತುಲ್ಯತೆ’ ಎಂಬ ಮಾತು ಇರುವುದು ಮಯನಿಗೆ ಹೇಳಿದ ಪಾಠದಲ್ಲೇ! ದೃಗ್ಗಣಿತದವರು ಅದನ್ನು ಹೊರಗಿನಿಂದ ತಂದದ್ದಲ್ಲ.

ವ್ಯತ್ಯಾಸ ಏಕೆ ಬರುತ್ತದೆ ಎಂಬುದನ್ನೂ ಹೇಳಬೇಕು. ಈ ಗ್ರಂಥದ ಚಂದ್ರನ ಗಣಿತ ಹುಣ್ಣಿಮೆ ಅಮಾವಾಸ್ಯೆಗಳಿಗೆ, ಅಂದರೆ ಗ್ರಹಣಗಳಿಗೆ ಹೊಂದುವಂತೆ ಮಾಡಿದ್ದು. ಅಲ್ಲಿ ಅದು ಸಾಕಷ್ಟು ಸರಿ. ಪಕ್ಷದ ನಡುವೆ, ಅಷ್ಟಮಿಯ ಆಸುಪಾಸಿನಲ್ಲಿ, ಸೂರ್ಯನ ಸೆಳೆತದಿಂದ ಚಂದ್ರನಿಗೆ ಬರುವ ಇನ್ನೊಂದು ಏರುಪೇರನ್ನು ಅದು ಗಣಿಸುವುದಿಲ್ಲ. ಏಕಾದಶಿ ಬೀಳುವುದು ಆ ನಡುವಿನ ಭಾಗಕ್ಕೆ ಹತ್ತಿರ, ಅದಕ್ಕೇ ಜಗಳವೂ ಅಲ್ಲೇ ಹೆಚ್ಚು. ನಮ್ಮವರೇ ಆದ ಮಂಜುಲ 932ರಲ್ಲಿ ಲಘುಮಾನಸದಲ್ಲಿ ಈ ತಿದ್ದುಪಡಿಯನ್ನು ಕೊಟ್ಟಿದ್ದಾನೆ. ಕೇರಳದ ಪರಮೇಶ್ವರ ದಶಕಗಳ ಕಾಲ ಗ್ರಹಣಗಳನ್ನು ನೋಡಿ ನೋಡಿ 1431ರಲ್ಲಿ ದೃಗ್ಗಣಿತವೆಂಬ ಗ್ರಂಥವನ್ನೇ ಬರೆದ. ತಿದ್ದುವುದು ಅಪಚಾರವಾಗಿದ್ದರೆ ಇವರೆಲ್ಲ ಏಕೆ ತಿದ್ದುತ್ತಿದ್ದರು? ಹಳೆಯ ಅಂಕಿಗಳಿಗೆ ತಿದ್ದುಪಡಿ ಸೇರಿಸುವ ಬೀಜಸಂಸ್ಕಾರ ಎಂಬ ಪದ್ಧತಿ ಬೆಳೆದದ್ದೇ ಇದಕ್ಕಾಗಿ.

ಪಂಚಾಂಗದ ಮನೆ

ಬೀಜಸಂಸ್ಕಾರ ನಮಗೂ ಗೊತ್ತು. ಅದನ್ನು ಮಾಡಿದವರು ಆಚಾರ್ಯರು, ಗ್ರಂಥದ ಚೌಕಟ್ಟಿನೊಳಗೆ ನಿಂತು ಮಾಡಿದರು. ಅಚ್ಚಾದ ಕೋಷ್ಟಕದಿಂದ ಅಂಕಿಗಳನ್ನು ಎತ್ತಿ ಇಡುವುದು ಅದಕ್ಕೆ ಸಮವಲ್ಲ.

ಶಾಲ್ಮಲಾ ತೀರ

ಸೂರ್ಯಸಿದ್ಧಾಂತದ ಹೆಸರಿನ ಪಂಚಾಂಗಗಳಲ್ಲೂ ಎಷ್ಟೋ ಕಡೆ ಗ್ರಹಣದ ಹೊತ್ತನ್ನು ಮಾತ್ರ ದೃಗ್ಗಣಿತದಿಂದಲೇ ಕೊಡುತ್ತಾರೆ. ಗ್ರಹಣ ತಪ್ಪಿದರೆ ಊರಿನವರಿಗೆಲ್ಲ ಕಾಣುತ್ತದೆ. ಅಷ್ಟಮಿ ತಪ್ಪಿದರೆ ಕಾಣುವುದಿಲ್ಲ. ಒಂದೇ ಹೊತ್ತಗೆಯಲ್ಲಿ ಎರಡು ಅಳತೆ ಇಡುವುದನ್ನು ನನ್ನ ಮನಸ್ಸು ಒಪ್ಪುವುದಿಲ್ಲ.

ಕರಾವಳಿ ಕನ್ನಡತಿ

ನಮ್ಮ ತುಳುನಾಡಿನಲ್ಲಿ ತಿಂಗಳುಗಳೇ ಸೌರಮಾನ, ಹೊಸವರ್ಷ ಬಿಸು. ಚಂದ್ರನ ಜಗಳ ಕಡಿಮೆ. ಆದರೆ ಸಂಕ್ರಮಣದಲ್ಲೂ ಒಂದು ಕಗ್ಗಂಟಿದೆಯಲ್ಲ? ಮಕರ ಸಂಕ್ರಾಂತಿಯ ದಿನ ಉತ್ತರಾಯಣ ಆರಂಭ ಎನ್ನುತ್ತೇವೆ, ಹಗಲು ಬೆಳೆಯಲು ಆರಂಭವಾಗುವುದು ಡಿಸೆಂಬರ್ 22ರ ಹೊತ್ತಿಗೇ.

ನೆರಳುಗಡ್ಡಿ

ಹೌದು ಅಕ್ಕ, ಇದು ಅಯನಾಂಶದ ಸಮಸ್ಯೆ. ಎರಡೂ ಒಂದೇ ದಿನ ಬೀಳುತ್ತಿದ್ದ ಕಾಲವಿತ್ತು. ವಿಷುವದ್ಬಿಂದು, ಅಂದರೆ ಹಗಲಿರುಳು ಸಮವಾಗುವ ದಿನ ಸೂರ್ಯನಿರುವ ಜಾಗ, ನಕ್ಷತ್ರಗಳ ನಡುವೆ ಹಿಂದೆ ಸರಿಯುತ್ತ ಈಗ 24 ಅಂಶದ ಅಂತರ ಬಿದ್ದಿದೆ. ಆ ಅಂತರವೇ ಅಯನಾಂಶ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು ಮಕರ ಸಂಕ್ರಾಂತಿಯಂದು. ಆ ವರ್ಷ, 1863ರಲ್ಲಿ, ಅದು ಜನವರಿ 12ಕ್ಕೆ ಬಿದ್ದಿತ್ತು. ಈಗ 14, 15ಕ್ಕೆ ಬಂದಿದೆ. ಮಯನ ಗ್ರಂಥದ ಪ್ರಕಾರ ಅಯನ 27 ಅಂಶದವರೆಗೆ ಹೋಗಿ ಮರಳುತ್ತದೆ, ಉಯ್ಯಾಲೆಯಂತೆ. ವಾಸ್ತವದಲ್ಲಿ ಅದು ಮರಳುವುದಿಲ್ಲ, ಒಂದೇ ದಿಕ್ಕಿಗೆ ಸುತ್ತು ಹಾಕುತ್ತದೆ. ತಿದ್ದದೆ ಬಿಟ್ಟರೆ ಸಂಕ್ರಾಂತಿ ಬೇಸಿಗೆಗೆ ಸರಿಯುತ್ತಲೇ ಹೋಗುತ್ತದೆ.

ಭೌತವಿಜ್ಞಾನಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯ ಸಮಿತಿ 1952ರಲ್ಲಿ ರಚನೆಯಾದದ್ದು ಇಂಥ ಗೊಂದಲ ಬಿಡಿಸಲೆಂದೇ. 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಪಂಚಾಂಗ ಬಂತು. ಸರ್ಕಾರಿ ಕಡತಗಳಲ್ಲಿ ಉಳಿಯಿತು, ಮನೆಯ ಗೋಡೆಗೆ ಬರಲಿಲ್ಲ.

ಯಕ್ಷಪ್ರಿಯ

ಸಂಕ್ರಾಂತಿಯ ಸಂಜೆ ಬೆಂಗಳೂರಿನ ಗವಿ ಗಂಗಾಧರೇಶ್ವರದಲ್ಲಿ ನಂದಿಯ ಕೊಂಬಿನ ನಡುವಿನಿಂದ ಬಿಸಿಲು ಲಿಂಗದ ಮೇಲೆ ಬೀಳುತ್ತದಲ್ಲ, ಅದು ಮಯನ ವಿದ್ಯೆಯೇ ಇರಬೇಕು. ಮಯಮತ ಎಂಬ ವಾಸ್ತುಗ್ರಂಥವೂ ಅವನದೇ ಅಲ್ಲವೇ?

ಪ್ರಶ್ನಾರ್ಥಕ

ಮಯಮತ ಅವನ ಹೆಸರಿನಲ್ಲಿದೆ, 36 ಅಧ್ಯಾಯಗಳು, ದಕ್ಷಿಣದ ದೇವಾಲಯಶಿಲ್ಪದ ಗ್ರಂಥ. ಅದರಲ್ಲೂ ಶಂಕು, ಅಂದರೆ ನೇರವಾದ ಕೋಲು, ನೆಟ್ಟು ನೆರಳಿನಿಂದ ದಿಕ್ಕು ಕಂಡುಹಿಡಿಯುವ ಅಧ್ಯಾಯವಿದೆ ಎಂಬುದು ಗಮನಿಸಬೇಕಾದದ್ದು. ಗವಿಯ ಬಿಸಿಲಿನ ಬಗ್ಗೆ ಒಂದು ಮಾತು: ಸೂರ್ಯ ಅದೇ ಎತ್ತರಕ್ಕೆ ವರ್ಷದಲ್ಲಿ ಎರಡು ಸಲ ಬರುತ್ತಾನೆ. ಜನವರಿ ನಡುವೆ ಬಿದ್ದ ಬಿಸಿಲು ನವೆಂಬರ್ ಕೊನೆಯಲ್ಲೂ ಬೀಳಲೇಬೇಕು. ಆಗ ನೋಡಲು ಜನ ಸೇರುವುದಿಲ್ಲ.

ಗಳಿಗೆಬಟ್ಟಲು

ಪ್ರಶ್ನಾರ್ಥಕರೇ, ನೀವು ಕಥೆಗಳನ್ನು ಬಿಡಿಸಿ ಬಿಡಿಸಿ ಇಟ್ಟಷ್ಟೂ ನನಗೆ ಒಂದು ಪ್ರಶ್ನೆ ದೊಡ್ಡದಾಗುತ್ತಿದೆ. ಅಸುರನಿಗೇ ಏಕೆ? ವಸಿಷ್ಠ, ಪಿತಾಮಹ ಎಂದು ಬೇರೆ ಸಿದ್ಧಾಂತಗಳಿಗೆ ದೊಡ್ಡ ಹೆಸರುಗಳಿವೆ. ಎಲ್ಲಕ್ಕಿಂತ ಸ್ಪಷ್ಟವೆಂದು ಹೆಸರಾದ ಸಿದ್ಧಾಂತದ ಶಿಷ್ಯನಾಗಿ ಒಬ್ಬ ದಾನವನನ್ನು ಇಟ್ಟಿದ್ದಾರೆ. ಗ್ರಂಥದ ಕೊನೆಯಲ್ಲಿ ಋಷಿಗಳೇ ಮಯನ ಬಳಿಗೆ ಹೋಗಿ ಕೈಮುಗಿದು ಕಲಿಯುತ್ತಾರೆ. ಕಲಿಯುವ ಹಂಬಲವಿದ್ದವನಿಗೆ ವಿದ್ಯೆ ಕೊಟ್ಟರು, ಕುಲ ನೋಡಲಿಲ್ಲ. ನಮ್ಮ ಪರಂಪರೆಯಲ್ಲಿ ನಾನು ಹೆಮ್ಮೆಪಡುವ ಕಥೆಗಳಲ್ಲಿ ಇದೂ ಒಂದು.

ಮೇಷ್ಟ್ರು

ತಡವಾಗಿ ಬಂದೆ, ಎಲ್ಲವನ್ನೂ ಓದಿದೆ. ಮಯನ ಮಾಯೆ ಬೇಕಾದವರು ಹದಿಮೂರನೆಯ ಅಧ್ಯಾಯ ಓದಿ. ಯಂತ್ರಗಳ ಅಧ್ಯಾಯ ಅದು. ತಾನಾಗಿ ತಿರುಗುವ ಗೋಲ, ನೀರು, ಪಾದರಸ, ಮರಳು, ನವಿಲು, ಕೋತಿ, ಮನುಷ್ಯನ ಆಕೃತಿಯ ಕಾಲಯಂತ್ರಗಳು ಎಲ್ಲ ಬರುತ್ತವೆ. ಗುಟ್ಟು ಬಿಡಬೇಡಿ ಎಂಬ ಎಚ್ಚರಿಕೆಯೂ ಇದೆ. ಜೊತೆಗೇ ತೀರ ಸರಳವಾದ ಬಟ್ಟಲು: ತಳದಲ್ಲಿ ತೂತಿರುವ ತಾಮ್ರದ ಪಾತ್ರೆಯನ್ನು ನಿರ್ಮಲವಾದ ನೀರಿನ ಮೇಲಿಟ್ಟರೆ ಹಗಲಿರುಳಿನಲ್ಲಿ ಅರವತ್ತು ಸಲ ಮುಳುಗಬೇಕು.

ನಮ್ಮ ಶಾಲೆಯ ಮಕ್ಕಳು ಇದನ್ನು ಮಾಡಿದ್ದಾರೆ. ಮೊದಲು ಕೆರೆಯ ನೀರು ತಂದರು. ಒಂದೊಂದು ಸಲ ಒಂದೊಂದು ಹೊತ್ತು ಬಂತು. ತೂತಿಗೆ ಕಸ ಸಿಕ್ಕಿಕೊಳ್ಳುತ್ತಿತ್ತು. ಸೋಸಿದ ನೀರು ಹಾಕಿದ ಮೇಲೆ ಸರಿಯಾಯಿತು. ‘ನಿರ್ಮಲ’ ಎಂದು ಶ್ಲೋಕದಲ್ಲಿ ಇದ್ದದ್ದು ಪಾದ ತುಂಬಿಸಲು ಅಲ್ಲ ಎಂದು ಒಬ್ಬ ಹುಡುಗಿ ಹೇಳಿದಳು. ಇಂಥ ಮಾತು ಬರೆದವನು ಬಟ್ಟಲಿನ ಮುಂದೆ ಕುಳಿತು ಕಾದವನೇ ಆಗಿರಬೇಕು. ಅವನ ಹೆಸರು ಮಯನೋ ಲಾಟನೋ, ನನಗೆ ಅವನು ಗುರು.

ಕನ್ನಡದಲ್ಲಿ ಈ ವಿದ್ಯೆ ಇರಲಿಲ್ಲ ಎಂದು ಯಾರೂ ಭಾವಿಸಬಾರದು. ಶೃಂಗೇರಿಯ ಶಂಕರನಾರಾಯಣ ಜೋಯಿಸರು 1604ರಲ್ಲಿ ‘ಗಣಿತಗನ್ನಡಿ’ ಎಂದು ಕನ್ನಡದಲ್ಲೇ ಖಗೋಳಗಣಿತ ಬರೆದಿಟ್ಟಿದ್ದಾರೆ.

ಪಂಚಾಂಗದ ಮನೆ

ಮೇಷ್ಟ್ರೇ, ಬಟ್ಟಲಿನ ಮಾತು ಇಷ್ಟವಾಯಿತು. ದೃಗ್ಗಣಿತದ ವಿಷಯದಲ್ಲಿ ನನ್ನ ನಿಲುವು ಬದಲಾಗಿಲ್ಲ, ಆದರೆ ಮಕ್ಕಳಿಂದ ಶಂಕು ನೆಡಿಸುವುದಾದರೆ ನಮ್ಮ ಅಂಗಳ ಇದೆ.

ಮೇಷ್ಟ್ರು

ಖಂಡಿತ ಬರುತ್ತೇವೆ. ಹನ್ನೆರಡು ಸಮಭಾಗ ಗುರುತಿಸಿದ ನೇರವಾದ ಕೋಲು ಸಾಕು, ಒಂದು ಭಾಗವೇ ಒಂದು ಅಂಗುಲ. ಸೆಪ್ಟೆಂಬರ್ 23ರಂದು ಸಮತಟ್ಟಾದ ನೆಲದಲ್ಲಿ ನೆಟ್ಟು, ನೆರಳು ಅತಿ ಚಿಕ್ಕದಾದಾಗ ಅಳೆಯಿರಿ. ಬೆಂಗಳೂರಿನಲ್ಲಿ ಎರಡು ಮುಕ್ಕಾಲು ಅಂಗುಲ ಬರಬೇಕು. ಅದೇ ಪಲಭೆ. ಗಡಿಯಾರದ ಹನ್ನೆರಡಕ್ಕೆ ಅಳೆಯಬೇಡಿ, ಅಂದು ಅಲ್ಲಿ ನಡುಹಗಲು ಸುಮಾರು 12:12ಕ್ಕೆ.

ದೂರದೇಶಿ

ನಮ್ಮ ಕಡೆ ಎಷ್ಟು ಬರುತ್ತದೆ ಮೇಷ್ಟ್ರೇ? ಅಕ್ಷಾಂಶ ಸುಮಾರು 40 ಅಂಶ 30 ಕಲೆ, ಅಂದರೆ ನಲವತ್ತೂವರೆ ಅಂಶ. ಈ ಸಲ ಬಳಗದ ಮಕ್ಕಳಿಂದ ಮಾಡಿಸುತ್ತೇನೆ.

ಮೇಷ್ಟ್ರು

ಹತ್ತೂಕಾಲು ಅಂಗುಲ. ನಿಮ್ಮ ಗಡಿಯಾರದಲ್ಲಿ 12:50ರ ಹೊತ್ತಿಗೆ. ಮಕ್ಕಳು ಹನ್ನೆರಡೂವರೆಯಿಂದಲೇ ಗುರುತು ಹಾಕುತ್ತಿರಲಿ, ಅಳೆದದ್ದನ್ನು ಇಲ್ಲೇ ಹಾಕಿ.